ಅಣ್ಣನ ಹೆಲ್ಮೆಟ್ಟೂ ಡೇಟೋನಾ ರೇಸೂ

 

ಹೋದ ಸಲ ಈ ಗೋಡೆಪತ್ರಿಕೆಗೆ ನಾನು ನಮ್ಮೂರ ಜಾತ್ರೆ ಬಗ್ಗೆ ಬರೆದಿದ್ದೆ. 'ಎಲ್ಲರೂ ಜಾತ್ರೆ ಬಗ್ಗೇನೇ ಬರೀತೀರಲ್ಲ, ಈ ಸಲ ನಿನ್ನ ಮನಸ್ಸಿಗೆ ನಾಟಿದ್ದು ಏನಾದರೂ ಬರಿ' ಎಂದು ಕನ್ನಡ ಮೇಷ್ಟ್ರು ಹೇಳಿದರು. ನನ್ನ ಮನಸ್ಸಿಗೆ ನಾಟಿದ್ದು ಅಮೆರಿಕದ ಒಂದು ಕಾರ್ ರೇಸು. ನಗಬೇಡಿ. ಪೂರ್ತಿ ಓದಿದ ಮೇಲೆ ಬೇಕಾದರೆ ನಗಿ.

ನಮ್ಮಣ್ಣನಿಗೆ 19 ವರ್ಷ. ತಾಲೂಕಿನ ಒಂದು ಗ್ಯಾರೇಜಿನಲ್ಲಿ ಕೆಲಸ ಕಲಿಯುತ್ತಿದ್ದಾನೆ. ಅವನಿಗೆ ಗಾಡಿ ಅಂದರೆ ಪ್ರಾಣ. ಭಾನುವಾರ ಊಟ ಆದ ಮೇಲೆ ಜಗುಲಿ ಮೇಲೆ ಕೂತು ಮೊಬೈಲಿನಲ್ಲಿ ರೇಸ್ ನೋಡುತ್ತಾನೆ. ಒಂದು ದಿನ ನಾನೂ ಪಕ್ಕದಲ್ಲಿ ಕೂತು ನೋಡಿದೆ. ಬಣ್ಣ ಬಣ್ಣದ ಕಾರುಗಳು ಮೊಟ್ಟೆಯಾಕಾರದ ದಾರಿಯಲ್ಲಿ ಸುತ್ತುತ್ತಾ ಇದ್ದವು. ಸುತ್ತಿದ್ದೇ ಸುತ್ತಿದ್ದು. ಬರೀ ಎಡಕ್ಕೇ ತಿರುಗುತ್ತವೆ, ಬಲಕ್ಕೆ ತಿರುಗೋದೇ ಇಲ್ಲ. 'ಇದೇನಣ್ಣ, ಗಾಣದ ಎತ್ತಿನ ಥರ' ಅಂದೆ. ಅಣ್ಣನಿಗೆ ಸಿಟ್ಟು ಬಂತು. 'ಗಾಣದ ಎತ್ತು ಗಂಟೆಗೆ 300 ಕಿಲೋಮೀಟರ್ ಓಡ್ತದೇನೇ ಪುಟ್ಟಿ?' ಅಂದ. ಆಮೇಲೆ ಅವನೇ ಒಂದೊಂದಾಗಿ ಎಲ್ಲಾ ಹೇಳಿಕೊಟ್ಟ.

ಆ ಜಾಗದ ಹೆಸರು ಡೇಟೋನಾ. ಅಮೆರಿಕದ ಫ್ಲಾರಿಡಾ ರಾಜ್ಯದಲ್ಲಿ ಸಮುದ್ರದ ಹತ್ತಿರ ಇದೆ. ಮೊದಲು ಅಲ್ಲಿ ಸಮುದ್ರದ ದಂಡೆಯ ಮರಳಿನ ಮೇಲೇ ರೇಸ್ ನಡೆಯುತ್ತಿತ್ತಂತೆ. 1959ರಲ್ಲಿ ದೊಡ್ಡ ರೇಸ್ ಮೈದಾನ ಆಯಿತು. ಒಂದು ಸುತ್ತು ಎರಡೂವರೆ ಮೈಲಿ, ಅಂದರೆ ನಮ್ಮ ಲೆಕ್ಕದಲ್ಲಿ 4 ಕಿಲೋಮೀಟರ್. ಹೀಗೆ 200 ಸುತ್ತು ಸುತ್ತಬೇಕು. ಒಟ್ಟು 500 ಮೈಲಿ. ಅದಕ್ಕೇ 'ಡೇಟೋನಾ 500' ಅಂತ ಹೆಸರು. ಇದು ಸುಮಾರು 800 ಕಿಲೋಮೀಟರ್. ಬೆಂಗಳೂರಿನಿಂದ ಬೀದರಿಗೆ ಹೋದರೂ ಇಷ್ಟು ದೂರ ಆಗುವುದಿಲ್ಲ!

ಈ ಕಾರುಗಳಿಗೆ 'ಸ್ಟಾಕ್ ಕಾರ್' ಎನ್ನುತ್ತಾರೆ. ಅಂಗಡಿಯಲ್ಲಿ ಮಾರುವ ಮಾಮೂಲಿ ಕಾರು ಅಂತ ಅರ್ಥ. ಮೊದಮೊದಲು ನಿಜವಾಗಲೂ ಮಾಮೂಲಿ ಕಾರುಗಳನ್ನೇ ಓಡಿಸುತ್ತಿದ್ದರು. ಆ ಕಾಲದ ಕೆಲವು ಚಾಲಕರು ಕಳ್ಳಭಟ್ಟಿ ಸಾರಾಯಿ ಸಾಗಿಸಿ, ಪೊಲೀಸರಿಂದ ತಪ್ಪಿಸಿಕೊಂಡು ಓಡಿಸಿ ಓಡಿಸಿಯೇ ಚುರುಕಾದವರಂತೆ. (ಇದನ್ನು ಬರೆಯಬಹುದಾ ಅಂತ ಮೇಷ್ಟ್ರನ್ನು ಕೇಳಿದೆ. ಬರಿ, ಆದರೆ ಕಲೀಬೇಡ ಅಂದರು.) ಈಗಿನವು ಹೊರಗಡೆ ಮಾತ್ರ ಮಾಮೂಲಿ ಕಾರಿನ ಹಾಗೆ ಕಾಣುತ್ತವೆ. ಅವಕ್ಕೆ ತೆಗೆಯುವ ಬಾಗಿಲೇ ಇಲ್ಲ, ಕಿಟಕಿಯಿಂದ ತೂರಿಕೊಂಡು ಒಳಗೆ ಹೋಗಬೇಕು. ಮುಂದಿನ ದೀಪಗಳೂ ನಿಜವಾದ ದೀಪಗಳಲ್ಲ, ಬರೀ ಅಂಟಿಸಿದ ಚಿತ್ರ! ಇದನ್ನು ಕೇಳಿ ನಮ್ಮವ್ವನೂ ನಕ್ಕಳು.

ನನಗೆ ತುಂಬಾ ಆಶ್ಚರ್ಯವಾದದ್ದು ಅಲ್ಲಿನ ತಿರುವು. ಅಲ್ಲಿ ದಾರಿ ಮಟ್ಟಸವಾಗಿಲ್ಲ, ಒಂದು ಕಡೆಗೆ 31 ಡಿಗ್ರಿ ಓರೆಯಾಗಿದೆ. ನಾನು ಜಾಮಿಟ್ರಿ ಬಾಕ್ಸಿನ ಕೋನಮಾಪಕ ಹಿಡಿದು ಹಲಗೆಯನ್ನು ಓರೆ ಮಾಡಿ ನೋಡಿದೆ. ನಮ್ಮನೆ ಹಂಚಿನ ಸೂರು ಹೆಚ್ಚುಕಮ್ಮಿ ಅಷ್ಟೇ ಇಳಿಜಾರಾಗಿದೆ. ಸೂರಿನ ಮೇಲೆ ಕಾರು ಓಡಿಸಿದ ಹಾಗೆ ಅಂತ ಯೋಚಿಸಿ! ಯಾಕೆ ಹೀಗೆ ಅಂತ ವಿಜ್ಞಾನದ ಮೇಷ್ಟ್ರನ್ನು ಕೇಳಿದೆ. ಅವರು ಕವಣೆಯ ಉದಾಹರಣೆ ಕೊಟ್ಟರು. ಕವಣೆ ತಿರುಗಿಸುವಾಗ ಕಲ್ಲು ನೆಟ್ಟಗೆ ಓಡಿಹೋಗಲು ನೋಡುತ್ತದೆ, ಹಗ್ಗ ಅದನ್ನು ಒಳಕ್ಕೆ ಎಳೆದು ಸುತ್ತಿಸುತ್ತದೆ. ಕಾರಿಗೆ ಹಗ್ಗ ಇಲ್ಲ. ಮಟ್ಟಸ ರಸ್ತೆಯಲ್ಲಾದರೆ ಟೈರಿನ ಹಿಡಿತ ಒಂದೇ ಕಾರನ್ನು ಒಳಕ್ಕೆ ಎಳೆಯಬೇಕು. ರಸ್ತೆ ಒಳಗಡೆಗೆ ಓರೆಯಾಗಿದ್ದರೆ ರಸ್ತೆಯೇ ಕಾರನ್ನು ಒಳಕ್ಕೆ ತಳ್ಳುತ್ತದೆ. ಆದ್ದರಿಂದ ಜೋರಾಗಿ ಹೋದರೂ ಆಚೆ ಎಸೆಯುವುದಿಲ್ಲ.

ಆ ತಿರುವುಗಳನ್ನು ಎತ್ತರಿಸಲು ಬೇಕಾದ ಮಣ್ಣನ್ನು ಮೈದಾನದ ಮಧ್ಯದಲ್ಲೇ ತೋಡಿದರು. ತೋಡಿದ ಗುಂಡಿಯಲ್ಲಿ ನೀರು ತುಂಬಿ 29 ಎಕರೆಯ ಕೆರೆ ಆಯಿತು. ಅದಕ್ಕೆ ಲೇಕ್ ಲಾಯ್ಡ್ ಅಂತ ಹೆಸರು. ಕಾರು ಓಡುವ ಮೈದಾನದ ನಡುವೆ ಕೆರೆ! ನಮ್ಮ ಕೆರೆ ಏರಿಯನ್ನೂ ಹಿಂದಿನವರು ಹೀಗೇ ಮಣ್ಣು ಹೊತ್ತು ಕಟ್ಟಿದ್ದಲ್ಲವೇ ಅನ್ನಿಸಿ ಖುಷಿಯಾಯಿತು.

ಇನ್ನೊಂದು ವಿಷಯ. ಒಂದು ಕಾರಿನ ಹಿಂದೆ ಇನ್ನೊಂದು ಕಾರು ಬಾಲ ಹಿಡಿದ ಹಾಗೆ ಅಂಟಿಕೊಂಡು ಹೋಗುತ್ತದೆ. ಮುಂದಿನದು ಗಾಳಿಯನ್ನು ಸೀಳುವುದರಿಂದ ಹಿಂದಿನದಕ್ಕೆ ಎದುರುಗಾಳಿ ಕಡಿಮೆ. ಆಷಾಢದ ಗಾಳಿಯಲ್ಲಿ ಸೈಕಲ್ ತುಳಿಯುವಾಗ ನಾವೂ ದೊಡ್ಡವರ ಸೈಕಲ್ ಹಿಂದೆ ಹೋಗುತ್ತೇವಲ್ಲ, ಹಾಗೆ. ಆದರೆ ವಿಚಿತ್ರ ಏನೆಂದರೆ ಹೀಗೆ ಹೋದಾಗ ಮುಂದಿನ ಕಾರಿಗೂ ಲಾಭ, ಎರಡೂ ಒಂಟಿ ಕಾರಿಗಿಂತ ಜೋರಾಗಿ ಓಡುತ್ತವೆ. ಟೈರ್ ಬದಲಾಯಿಸಲು ನಿಂತರೆ ನಾಲ್ಕೂ ಟೈರ್ ಬಿಚ್ಚಿ ಹಾಕಿ ಪೆಟ್ರೋಲ್ ತುಂಬಿಸುವುದಕ್ಕೆ ಹತ್ತು ಹನ್ನೆರಡು ಸೆಕೆಂಡು ಸಾಕು. ಅಣ್ಣ ಒಂದು ಪಂಕ್ಚರ್ ಹಾಕಲು ಅರ್ಧ ಗಂಟೆ ಮಾಡುತ್ತಾನೆ. ಇದನ್ನು ಹೇಳಿದ್ದಕ್ಕೆ ತಲೆ ಮೇಲೆ ಒಂದು ಕುಟ್ಟಿದ.

ಇಷ್ಟೇ ಆಗಿದ್ದರೆ ನಾನು ಈ ಲೇಖನ ಬರೆಯುತ್ತಿರಲಿಲ್ಲ.

ಮುಂದಿನ ಭಾನುವಾರ ಅಣ್ಣ 2001ನೇ ಇಸವಿಯ ರೇಸ್ ತೋರಿಸಿದ. ಆಗ ನಾವ್ಯಾರೂ ಹುಟ್ಟಿರಲಿಲ್ಲ, ಅಣ್ಣ ಕೂಡ. ಅದರಲ್ಲಿ 3ನೇ ನಂಬರಿನ ಕಪ್ಪು ಕಾರು ಡೇಲ್ ಅರ್ನ್‌ಹಾರ್ಟ್ ಅವರದು. ಅವರು ಏಳು ಸಲ ಚಾಂಪಿಯನ್ ಆಗಿದ್ದವರು. ಆದರೂ ಡೇಟೋನಾ 500 ಮಾತ್ರ ಕೈಗೆ ಸಿಕ್ಕಿರಲಿಲ್ಲ. 1998ರಲ್ಲಿ, 20ನೇ ಸಲಕ್ಕೆ ಗೆದ್ದರು. ಆ ಸಲ ಗಾಲಿ ಕುರ್ಚಿಯಲ್ಲಿ ಬಂದ ಒಬ್ಬ ಪುಟ್ಟ ಹುಡುಗಿ ಅದೃಷ್ಟಕ್ಕೆ ಅಂತ ಒಂದು ಕಾಸು ಕೊಟ್ಟಿದ್ದಳು, ಅದನ್ನು ಅವರು ಕಾರಿನೊಳಗೆ ಅಂಟಿಸಿಕೊಂಡಿದ್ದರು. ಗೆದ್ದು ಬರುವಾಗ ಬೇರೆ ತಂಡದವರೆಲ್ಲ ಸಾಲಾಗಿ ನಿಂತು ಕೈ ಕುಲುಕಿದರು.

2001ರ ಫೆಬ್ರವರಿ 18. ಕೊನೆಯ ಸುತ್ತು. ಮುಂದೆ ಮೈಕಲ್ ವಾಲ್ಟ್ರಿಪ್, ಅವರ ಹಿಂದೆ ಡೇಲ್ ಅವರ ಮಗ, ಮೂರನೆಯದು ಡೇಲ್. ಮುಂದಿನ ಎರಡು ಕಾರೂ ಡೇಲ್ ಅವರ ಸ್ವಂತ ತಂಡದವು. ಮೈಕಲ್ ಅದುವರೆಗೆ 462 ರೇಸ್ ಓಡಿ ಒಂದನ್ನೂ ಗೆದ್ದಿರಲಿಲ್ಲ. ನಿಜ, 462! ಅಂಥವರಿಗೆ ಡೇಲ್ ತಮ್ಮ ತಂಡದಲ್ಲಿ ಜಾಗ ಕೊಟ್ಟಿದ್ದರು. ಅವತ್ತು ಟೀವಿಯಲ್ಲಿ ವಿವರಣೆ ಹೇಳುತ್ತಿದ್ದವರು ಮೈಕಲ್ ಅವರ ಸ್ವಂತ ಅಣ್ಣ ಡ್ಯಾರೆಲ್. ತಮ್ಮ ಗೆಲ್ಲುತ್ತಿದ್ದಾನೆ ಅಂತ ಅವರು ಕೂಗುವುದು ಕೇಳಿದರೆ, ಇಂಗ್ಲಿಷ್ ಗೊತ್ತಿಲ್ಲದ ನಮಗೂ ಕಣ್ಣಲ್ಲಿ ನೀರು ಬರುತ್ತೆ.

ಅಷ್ಟರಲ್ಲಿ ಹಿಂದೆ ಕೊನೆಯ ತಿರುವಿನಲ್ಲಿ ಡೇಲ್ ಅವರ ಕಾರಿಗೆ ಇನ್ನೊಂದು ಕಾರು ತಾಗಿತು. ಅದು ತಿರುಗಿ ಮೇಲಕ್ಕೆ ಹೋಗಿ ಗೋಡೆಗೆ ಗುದ್ದಿತು. ನೋಡಿದರೆ ದೊಡ್ಡ ಅಪಘಾತ ಅನ್ನಿಸುವುದೇ ಇಲ್ಲ. ಪಲ್ಟಿ ಆಗಲಿಲ್ಲ, ಬೆಂಕಿ ಹತ್ತಲಿಲ್ಲ. ಆದರೆ ಡೇಲ್ ತೀರಿಕೊಂಡರು. ಅವರಿಗೆ 49 ವರ್ಷ. ಆ ಕಡೆ ಮೈಕಲ್ ಗೆದ್ದ ಖುಷಿಯಲ್ಲಿ ಡೇಲ್ ಬಂದು ತಬ್ಬಿಕೊಳ್ಳುತ್ತಾರೆ ಅಂತ ಕಾಯುತ್ತಾ ಇದ್ದರು. ಪಾಪ, ಅವರಿಗೆ ಗೊತ್ತೇ ಇರಲಿಲ್ಲ.

ಏನಾಯಿತು ಅಂತ ಅಣ್ಣ ವಿವರಿಸಿದ. ಬೆಲ್ಟು ಮೈಯನ್ನು ಸೀಟಿಗೆ ಬಿಗಿಯಾಗಿ ಹಿಡಿದಿರುತ್ತದೆ. ಕಾರು ಗಕ್ಕನೆ ನಿಂತಾಗ ತಲೆ ಮಾತ್ರ ಅದೇ ವೇಗದಲ್ಲಿ ಮುಂದಕ್ಕೆ ಹೋಗುತ್ತದೆ. ಅದರಿಂದ ತಲೆಬುರುಡೆಯ ಬುಡದ ಮೂಳೆ ಮುರಿಯಿತು. ಇದಕ್ಕೆ ಆಗಲೇ ಒಂದು ಉಪಾಯ ಇತ್ತು. ಹ್ಯಾನ್ಸ್ ಎನ್ನುವ ಸಾಧನ. ಎತ್ತಿನ ನೊಗದ ಹಾಗೆ ಹೆಗಲ ಮೇಲೆ ಕೂರುತ್ತದೆ, ಪಟ್ಟಿಗಳಿಂದ ಹೆಲ್ಮೆಟ್ಟನ್ನು ಹಿಡಿದಿರುತ್ತದೆ. ಅದನ್ನು ಕಂಡುಹಿಡಿದವರು ಒಬ್ಬ ಪ್ರೊಫೆಸರ್ ಮತ್ತು ರೇಸ್ ಓಡಿಸುವ ಅವರ ಭಾವಮೈದುನ. ಡೇಲ್ ಅವತ್ತು ಅದನ್ನು ಹಾಕಿಕೊಂಡಿರಲಿಲ್ಲ. ಮುಖ ಮುಚ್ಚದ ಹಳೇ ಥರದ ಹೆಲ್ಮೆಟ್ಟನ್ನೇ ಹಾಕುತ್ತಿದ್ದರು.

ಅದಕ್ಕೂ ಒಂಬತ್ತು ತಿಂಗಳ ಹಿಂದೆ, 2000ದ ಮೇ ತಿಂಗಳಲ್ಲಿ, ಆಡಮ್ ಪೆಟ್ಟಿ ಅನ್ನುವ ಹುಡುಗ ಬೇರೆ ಮೈದಾನದಲ್ಲಿ ಅಭ್ಯಾಸ ಮಾಡುವಾಗ ಇದೇ ಥರ ಸತ್ತಿದ್ದ. 1959ರ ಮೊದಲನೇ ಡೇಟೋನಾ 500 ಗೆದ್ದ ಲೀ ಪೆಟ್ಟಿ ಅವರ ಮರಿಮಗ ಅವನು. ವಯಸ್ಸು 19. ಅಣ್ಣ ಇದನ್ನು ಹೇಳಿ ಮೊಬೈಲ್ ಆರಿಸಿದ. ನಾನು ಅವನ ಹಣೆ ನೋಡಿದೆ.

ಅವನ ಹಣೆಯಲ್ಲಿ ಏಳು ಹೊಲಿಗೆಯ ಗುರುತಿದೆ. ಹೋದ ವರ್ಷ ದೀಪಾವಳಿ ಮುಂದಿನ ದಿನ ಕೆರೆ ಏರಿ ತಿರುವಿನಲ್ಲಿ ಬೈಕಿನಿಂದ ಬಿದ್ದಿದ್ದ. ತಲೆ ಮೇಲೆ ಹೆಲ್ಮೆಟ್ ಇರಲಿಲ್ಲ. ಬೈಕ್ ತಗೊಂಡಾಗ ಕೊಟ್ಟ ಹೆಲ್ಮೆಟ್ ನಮ್ಮನೆ ಅಟ್ಟದ ಮೇಲಿತ್ತು. ಅದರಲ್ಲಿ ನಮ್ಮ ಕೆಂಪು ಕೋಳಿ ಮೊಟ್ಟೆ ಇಡುತ್ತಿತ್ತು. ಅವತ್ತಿನಿಂದ ಅವ್ವ ರಾತ್ರಿ ಬೈಕಿನ ಸದ್ದು ಕೇಳುವ ತನಕ ಮಲಗುವುದಿಲ್ಲ. ಮಲಗಿದ ಹಾಗೆ ಇರುತ್ತಾಳೆ, ಆದರೆ ಕಣ್ಣು ಬಿಟ್ಟಿರುತ್ತಾಳೆ. ಅವ್ವನ ಪಕ್ಕ ಮಲಗುವ ನನಗೆ ಗೊತ್ತು.

'ವೇಗದಿಂದ ಬಿದ್ದಿದ್ದಲ್ಲ, ಮರಳಿತ್ತು' ಅಂತ ಅಣ್ಣ ಯಾವಾಗಲೂ ಹೇಳುತ್ತಾನೆ. ಮಾರನೇ ದಿನ ನಾನು ಒಂದು ಬಿಂದಿಗೆ ನೀರು ತಗೊಂಡು ಆ ತಿರುವಿಗೆ ಹೋಗಿ ರಸ್ತೆ ಮೇಲೆ ಸುರಿದೆ. ನೀರು ಒಳಗಡೆಗೆ ಬರಲಿಲ್ಲ, ಹೊರಗಡೆಗೆ, ಕೆರೆಯ ಕಡೆಗೆ ಹರಿದುಹೋಯಿತು. ಅಂದರೆ ನಮ್ಮ ತಿರುವು ಡೇಟೋನಾಕ್ಕೆ ಉಲ್ಟಾ ವಾಲಿದೆ! ಅಲ್ಲಿ ರಸ್ತೆ ಗಾಡಿಯನ್ನು ಒಳಕ್ಕೆ ತಳ್ಳುತ್ತದೆ, ಇಲ್ಲಿ ಕೆರೆಗೆ ತಳ್ಳುತ್ತದೆ. ಸಂಜೆ ಅಣ್ಣನಿಗೆ ಹೇಳಿದೆ. 'ಅವರಿಗೆ 31 ಡಿಗ್ರಿ ಇದೆ, ಬೆಲ್ಟ್ ಇದೆ, ಗೋಡೆ ಇದೆ. ನಿನಗೆ ಏನಿದೆಯಣ್ಣ?' ಅವನು ಏನೂ ಮಾತಾಡಲಿಲ್ಲ.

ಡೇಲ್ ಸತ್ತ ಮೇಲೆ, 2001ರ ಅಕ್ಟೋಬರಿನಲ್ಲಿ ಆ ಥರದ ಸಾಧನವನ್ನು ಎಲ್ಲರೂ ಹಾಕಲೇಬೇಕು ಅಂತ ನಿಯಮ ಬಂತು. ಗುದ್ದಿದರೆ ಸ್ವಲ್ಪ ಒಳಕ್ಕೆ ಬಾಗುವ ಗೋಡೆಗಳನ್ನು 2002ರಿಂದ ಕಟ್ಟತೊಡಗಿದರು. 2020ರಲ್ಲಿ ಅದೇ ಡೇಟೋನಾದಲ್ಲಿ ಕೊನೆಯ ಸುತ್ತಿನಲ್ಲೇ ರಯಾನ್ ನ್ಯೂಮನ್ ಅವರ ಕಾರು ಪಲ್ಟಿ ಹೊಡೆದು ತಲೆಕೆಳಗಾಗಿ ಉಜ್ಜಿಕೊಂಡು ಹೋಯಿತು. ನೋಡಿದರೆ ಬದುಕೋದಿಲ್ಲ ಅನ್ನಿಸುತ್ತೆ. ಎರಡು ದಿನದ ಮೇಲೆ ತಮ್ಮ ಇಬ್ಬರು ಹೆಣ್ಣುಮಕ್ಕಳ ಕೈ ಹಿಡಿದುಕೊಂಡು ಆಸ್ಪತ್ರೆಯಿಂದ ನಡೆದು ಬಂದರು. ಆ ಚಿತ್ರವನ್ನು ನಾನು ಅವ್ವನಿಗೆ ತೋರಿಸಿದೆ. ಅವ್ವ ತುಂಬಾ ಹೊತ್ತು ನೋಡಿದಳು.

ಆಮೇಲೆ ನಾನು ಕೋಳಿಗೆ ಹಳೇ ಬುಟ್ಟಿ ಕೊಟ್ಟು, ಹೆಲ್ಮೆಟ್ ಇಳಿಸಿ ಸೀಗೆಪುಡಿ ಹಾಕಿ ತೊಳೆದು ಬಿಸಿಲಿಗೆ ಇಟ್ಟೆ. ಅಣ್ಣ ಮೊದಲು 'ಕೋಳಿ ವಾಸನೆ' ಅಂದ. ಮಾರನೇ ದಿನ ಹಾಕಿಕೊಂಡು ಹೋದ. ಆದರೆ ಗೆಳೆಯರು ನಗುತ್ತಾರೆ ಅಂತ ಬರುವಾಗ ಕೆರೆ ಏರಿಯ ಹತ್ತಿರ ತೆಗೆದು ಕೈಗೆ ಸಿಕ್ಕಿಸಿಕೊಳ್ಳುತ್ತಾನಂತೆ. ತೆಗೆಯುವುದು ಸರಿಯಾಗಿ ಆ ತಿರುವಿನಲ್ಲೇ!

ಅದಕ್ಕೆ ದಿನಾ ಬೆಳಗ್ಗೆ ಅವನು ಬೈಕ್ ಒದೆಯುವಾಗ ನಾನು ಬಾಗಿಲಲ್ಲಿ ನಿಂತು 'ಮನೆ ತನಕ ಅಣ್ಣ' ಅನ್ನುತ್ತೇನೆ. ನೋಟ್ ಪುಸ್ತಕದ ಹಿಂದಿನ ಹಾಳೆಯಲ್ಲಿ ಒಂದೊಂದು ಗೀಟು ಹಾಕುತ್ತೇನೆ. ಇವತ್ತಿಗೆ 41 ಆಯಿತು. ಆರು ಸಲ ಮನೆ ತನಕ ಹಾಕಿಕೊಂಡು ಬಂದಿದ್ದಾನೆ. ಮೈಕಲ್ ವಾಲ್ಟ್ರಿಪ್ 462 ಸಲ ಸೋತರೂ ಬಿಡಲಿಲ್ಲ. ನಾನೂ ಬಿಡುವುದಿಲ್ಲ.

ನಿಮ್ಮ ಮನೆಯ ಹೆಲ್ಮೆಟ್ಟಿನಲ್ಲಿ ಈಗ ಏನಿದೆ? ಹೋಗಿ ನೋಡಿ.

ಇಂತಿ,
ಏಳನೇ ತರಗತಿಯ ವಿದ್ಯಾರ್ಥಿನಿ