ಅಡ್ಡಹೆಸರಿನ ಋಣ

ನಾವು ಮೂವರು ಸಹೋದರರು. ಒಬ್ಬರು ದೇವದುರ್ಗದಲ್ಲಿ, ಒಬ್ಬರು ಮಾನ್ವಿಯಲ್ಲಿ, ಕಿರಿಯರು ರಾಯಚೂರಿನಲ್ಲಿ ನೆಲೆಸಿದ್ದೇವೆ. ಹಬ್ಬ, ಮದುವೆಗಳ ಹೊರತು ಒಂದೆಡೆ ಸೇರುವುದು ಅಪರೂಪ. ರಾಯಚೂರಿನ ತಮ್ಮನ ಮಗನಿಗೆ ಹೆಣ್ಣು ಮಗು ಜನಿಸಿದಾಗ ಏಳನೆಯ ದಿನದ ಅಕೀಕಾಕ್ಕಾಗಿ ಎಲ್ಲರೂ ಸೇರಿದೆವು. ಮಗುವಿಗೆ ಜಮೀಲಾ ಎಂದು ಹೆಸರಿಡುವುದೆಂದು ಮೊದಲೇ ನಿಶ್ಚಯವಾಗಿತ್ತು.

ತಕರಾರು ಎದ್ದದ್ದು ಜನನ ನೋಂದಣಿಯ ಅರ್ಜಿ ತುಂಬುವಾಗ. ‘ಸೈಯದಾ ಜಮೀಲಾ’ ಎಂದು ಬರೆಯೋಣ ಎಂದನು ಮಗುವಿನ ತಂದೆ. ನಾವು ಪಿಂಜಾರರು, ಸೈಯದರಲ್ಲ. ಹಾಗೇಕೆ ಎಂದು ಕೇಳಿದೆವು.

“ದೊಡ್ಡಪ್ಪ, ಪಿಂಜಾರ ಎಂದ ಕೂಡಲೇ ನಮ್ಮವರೇ ಮುಖ ತಿರುಗಿಸುತ್ತಾರೆ. ನಾಳೆ ಮಗಳಿಗೆ ಸಂಬಂಧ ಹುಡುಕುವಾಗ ಆ ಮಾತು ಅಡ್ಡ ಬರುವುದು ಬೇಡ” ಎಂದನು.

ತಕ್ಷಣ ಉತ್ತರಿಸಲು ನಮ್ಮಿಂದಾಗಲಿಲ್ಲ. ಏಕೆಂದರೆ ಅವನಿಗೆ ಆ ದಾರಿ ತೋರಿಸಿದವರು ನಾವೇ. ಶಾಲೆಯಲ್ಲಿದ್ದಾಗ ಹೆಸರಿನ ಹಿಂದೆ ‘ಪಿ.’ ಎಂಬ ಒಂದಕ್ಷರವನ್ನಷ್ಟೇ ಉಳಿಸಿಕೊಂಡವರು ನಾವು. ನದಾಫ್, ಪಿಂಜಾರ ಸಮುದಾಯವು ಕರ್ನಾಟಕದ ಹಿಂದುಳಿದ ವರ್ಗಗಳ ಪ್ರವರ್ಗ 1ರಲ್ಲಿದೆ. ಮಕ್ಕಳ ಪ್ರಮಾಣಪತ್ರಕ್ಕಾಗಿ ಆ ಹೆಸರನ್ನು ಪೂರ್ತಿಯಾಗಿ ಬರೆದೆವು. ಮದುವೆಯ ಆಮಂತ್ರಣ ಪತ್ರಿಕೆಯಲ್ಲಿ ಮತ್ತೆ ಒಂದಕ್ಷರಕ್ಕೆ ಇಳಿಸಿದೆವು. ಸೌಲಭ್ಯಕ್ಕೆ ಬೇಕಾದ ಹೆಸರು ಸಂಬಂಧಕ್ಕೆ ಬೇಡವಾಯಿತು.

ಆ ರಾತ್ರಿ ನಮ್ಮ ಅಜ್ಜನವರ ನೆನಪಾಯಿತು. ದೇವದುರ್ಗದಿಂದ ಮಾನ್ವಿಯವರೆಗೆ ಹಳ್ಳಿಹಳ್ಳಿ ನಡೆದು ಹತ್ತಿ ಹಿಂಜಿದವರು ಅವರು. ಹೆಗಲ ಮೇಲೆ ಉದ್ದನೆಯ ಬಿಲ್ಲು, ಕೈಯಲ್ಲಿ ಮರದ ಗುಂಡು. ಹೆದೆಯನ್ನು ಮಿಡಿದ ಸದ್ದು ಓಣಿಯಲ್ಲಿ ಕೇಳಿದರೆ ಜನರು ಹಳೆಯ ಗಾದಿಗಳನ್ನು ಹೊರಗೆ ತರುತ್ತಿದ್ದರು. ಗಂಟು ಕಟ್ಟಿದ ಹತ್ತಿಯು ಅವರ ಕೈಯಲ್ಲಿ ಮತ್ತೆ ಹಗುರಾಗಿ ಅರಳುತ್ತಿತ್ತು. ಮದುವೆಯ ಗಾದಿ, ಬಾಣಂತಿಯ ಹಾಸಿಗೆ, ಹಸುಗೂಸಿನ ತಲೆದಿಂಬು ಎಲ್ಲಕ್ಕೂ ಅವರ ದುಡಿಮೆ ಬೇಕಿತ್ತು. ಹತ್ತಿಯ ಧೂಳು ಕುಡಿದು ಕೆಮ್ಮುತ್ತಲೇ ಅವರು ನಮ್ಮನ್ನು ಓದಿಸಿದರು.

‘ಹಿಂಜು’ ಎಂಬ ಕ್ರಿಯಾಪದದ ಹಳೆಯ ರೂಪ ‘ಪಿಂಜು’. ಪಿಂಜುವವನು ಪಿಂಜಾರ. ಅರಬಿ ಭಾಷೆಯಲ್ಲಿ ಇದೇ ಕೆಲಸ ಮಾಡುವವನಿಗೆ ‘ನದ್ದಾಫ್’ ಎನ್ನುತ್ತಾರೆ. ನಮ್ಮ ನಾಡಿನ ನದಾಫ್ ಎಂಬ ಅಡ್ಡಹೆಸರು ಅದೇ. ಬಗ್ದಾದಿನ ಸೂಫಿ ಹಲ್ಲಾಜರ ಹೆಸರಿನ ಅರ್ಥವೂ ಹತ್ತಿ ಹಿಂಜುವವ ಎಂದೇ. 9ನೇ ಶತಮಾನದ ಹನಫೀ ವಿದ್ವಾಂಸ, ವಕ್ಫ್ ನಿಯಮಗಳ ಕುರಿತು ಗ್ರಂಥ ರಚಿಸಿದ ಇಮಾಮ್ ಖಸ್ಸಾಫರು ಪಾದರಕ್ಷೆ ಹೊಲಿದು ಬದುಕಿದವರು. ಖಸ್ಸಾಫ್ ಎಂದರೆ ಚಪ್ಪಲಿ ಹೊಲಿಯುವವ. ಕವಿ ಉಮರ್ ಖಯ್ಯಾಮರ ಹೆಸರಿನಲ್ಲಿ ಡೇರೆ ಹೊಲಿಯುವವನಿದ್ದಾನೆ. ಇಂಗ್ಲಿಷರ ಸ್ಮಿತ್, ನಮ್ಮ ನೆರೆಯ ಕಮ್ಮಾರ, ಇಬ್ಬರ ಹೆಸರಿನಲ್ಲಿಯೂ ಇರುವುದು ಕುಲುಮೆಯೇ.

ಕೆಲವು ಹೆಸರುಗಳು ಊರನ್ನು ಹೇಳುತ್ತವೆ. ಬುಖಾರಾದವರು ಇಮಾಮ್ ಬುಖಾರಿಯಾದರು. ಕೆ.ಎಸ್. ನಿಸಾರ್ ಅಹಮದ್ ಅವರ ಹೆಸರಿನಲ್ಲಿ ಕೊಕ್ಕರೆ ಹೊಸಹಳ್ಳಿಯೂ ಇದೆ, ತಂದೆ ಶೇಖ್ ಹೈದರರೂ ಇದ್ದಾರೆ. ಬಂದ ಊರನ್ನೂ ಹೆತ್ತ ತಂದೆಯನ್ನೂ ದುಡಿದ ಕೈಯನ್ನೂ ಮರೆಯದಿರಲು ಜಗತ್ತಿನ ಜನರೆಲ್ಲ ಕಂಡುಕೊಂಡ ಉಪಾಯವಿದು.

ಮರುದಿನ ಇದನ್ನೆಲ್ಲ ಹೇಳಿದಾಗ ಹುಡುಗನು ಸುಮ್ಮನಾಗಲಿಲ್ಲ. “ಪ್ರವಾದಿಯವರು(ಸ) ಹೆಸರುಗಳನ್ನು ಬದಲಿಸಿದ್ದರಲ್ಲವೇ? ಜಮೀಲಾ ಎಂಬುದೇ ಹಾಗೆ ಬಂದ ಹೆಸರು” ಎಂದನು. ಮಾತು ನಿಜ. ಆಸಿಯಾ, ಅಂದರೆ ಅವಿಧೇಯಳು ಎಂಬ ಅರ್ಥದ ಹೆಸರಿದ್ದ ಮಹಿಳೆಗೆ ಪ್ರವಾದಿಯವರು(ಸ) ಜಮೀಲಾ, ಅಂದರೆ ಸುಂದರಿ ಎಂದು ಹೆಸರಿಟ್ಟರೆಂದು ಸಹೀಹ್ ಮುಸ್ಲಿಮ್‌ನಲ್ಲಿದೆ. ಆದರೆ ಅಲ್ಲಿ ಬದಲಾದದ್ದು ಕೆಟ್ಟ ಅರ್ಥ, ವಂಶವಲ್ಲ. ದುಡಿಮೆಯ ಹೆಸರಿನಲ್ಲಿ ಯಾವ ಕೆಟ್ಟ ಅರ್ಥವಿದೆ? ಪ್ರವಾದಿ ದಾವೂದರು(ಅ) ತಮ್ಮ ಕೈಯ ದುಡಿಮೆಯಿಂದ ಉಂಡರೆಂದೂ ಪ್ರವಾದಿ ಝಕರಿಯ್ಯಾರು(ಅ) ಬಡಗಿಯಾಗಿದ್ದರೆಂದೂ ಹದೀಸ್‌ಗಳು ತಿಳಿಸುತ್ತವೆ.

ಆಗ ನಮಗೆ ಝೈದ್(ರ)ರ ವೃತ್ತಾಂತ ನೆನಪಾಯಿತು. ಬಾಲ್ಯದಲ್ಲೇ ಗುಲಾಮರಾಗಿ ಮಾರಲ್ಪಟ್ಟ ಅವರನ್ನು ಪ್ರವಾದಿಯವರು(ಸ) ವಿಮೋಚನೆಗೊಳಿಸಿ ಸಾಕುಮಗನನ್ನಾಗಿ ಮಾಡಿಕೊಂಡರು. ಜನರು ಅವರನ್ನು ಝೈದ್ ಬಿನ್ ಮುಹಮ್ಮದ್ ಎಂದೇ ಕರೆಯುತ್ತಿದ್ದರು. ಅದಕ್ಕಿಂತ ದೊಡ್ಡ ಹೆಸರು ಯಾವುದಿದ್ದೀತು? ಆದರೂ ದತ್ತುಮಕ್ಕಳನ್ನು ಅವರ ನೈಜ ತಂದೆಯ ಹೆಸರಿನಿಂದಲೇ ಕರೆಯಬೇಕೆಂದು ಅಲ್-ಅಹ್‌ಝಾಬ್ ಅಧ್ಯಾಯದ 5ನೇ ವಚನ ಆದೇಶಿಸಿದಾಗ ಅವರು ಮತ್ತೆ ಝೈದ್ ಬಿನ್ ಹಾರಿಸಾ ಆದರು. ಪ್ರೀತಿಯಿಂದ ಬಂದ ಹೆಸರೂ ಸತ್ಯದ ಮುಂದೆ ನಿಲ್ಲಲಿಲ್ಲ. ಅದರಿಂದ ಝೈದ್(ರ) ಕಿರಿದಾದರೇ? ಸಹಾಬಿಗಳಲ್ಲಿ ಕುರ್‌ಆನಿನಲ್ಲಿ ಹೆಸರಿಸಿ ಉಲ್ಲೇಖವಾದವರು ಅವರೊಬ್ಬರೇ. ಹೀಗಿರುವಾಗ ಪ್ರವಾದಿಯವರ(ಸ) ವಂಶವನ್ನು ಸುಳ್ಳಾಗಿ ನಮ್ಮದೆಂದು ಬರೆದುಕೊಳ್ಳುವ ಅಧಿಕಾರ ನಮಗೆ ಎಲ್ಲಿಂದ ಬಂತು? ತಿಳಿದೂ ತಿಳಿದೂ ಬೇರೊಬ್ಬರನ್ನು ತನ್ನ ತಂದೆಯೆಂದು ಹೇಳಿಕೊಳ್ಳುವವನ ಕುರಿತು ಹದೀಸ್‌ನ ಎಚ್ಚರಿಕೆ ಅತ್ಯಂತ ಕಠೋರವಾದುದು.

ಆದರೆ ಹುಡುಗನ ಭಯ ಸುಳ್ಳಲ್ಲ ಎಂಬುದನ್ನೂ ಒಪ್ಪಬೇಕು. ಅಲ್-ಹುಜುರಾತ್ ಅಧ್ಯಾಯದ 11ನೇ ವಚನ ಒಬ್ಬರನ್ನೊಬ್ಬರು ಹೀಯಾಳಿಸುವುದನ್ನೂ ಅಡ್ಡಹೆಸರಿಟ್ಟು ಚುಚ್ಚುವುದನ್ನೂ ನಿಷೇಧಿಸಿದೆ. ಜನಾಂಗ, ಗೋತ್ರಗಳಿರುವುದು ಪರಸ್ಪರ ಪರಿಚಯಕ್ಕಾಗಿ, ಶ್ರೇಷ್ಠತೆ ಇರುವುದು ಧರ್ಮನಿಷ್ಠೆಯಲ್ಲಿ ಎಂದು 13ನೇ ವಚನ ತಿಳಿಸುತ್ತದೆ. ಇದನ್ನು ಮಿಂಬರಿನಿಂದ ಕೇಳಿ ತಲೆದೂಗುವ ನಾವು ಸಂಬಂಧದ ಮಾತು ಬಂದಾಗ ಮೊದಲು ಕೇಳುವುದು “ಅವರು ಯಾರ ಪೈಕಿ?” ಎಂದು. ಒಬ್ಬ ತಂದೆಯನ್ನು ಸುಳ್ಳಿನ ಕಡೆಗೆ ತಳ್ಳಿದ್ದು ಈ ಪ್ರಶ್ನೆ. ಬರೆಯುವವನ ತಪ್ಪಿನಲ್ಲಿ ಕೇಳುವವರ ಪಾಲೂ ಇದೆ.

ಹುಡುಗನು ಬಹಳ ಹೊತ್ತು ಅರ್ಜಿಯನ್ನೇ ನೋಡುತ್ತಾ ಕುಳಿತನು. ಕೊನೆಗೆ ಮಗುವಿನ ಹೆಸರು ಜಮೀಲಾ ಎಂದಷ್ಟೇ ಬರೆದು, ತನ್ನ ಹೆಸರಿನೊಡನೆ ‘ಪಿಂಜಾರ’ ಎಂದು ಪೂರ್ತಿಯಾಗಿ ಬರೆದನು. ಆನಂತರ, “ನಿಮ್ಮ ಮನೆಯ ಮುಂದಿನ ಮದುವೆಯ ಪತ್ರಿಕೆಯನ್ನು ನಾನು ನೋಡುತ್ತೇನೆ, ದೊಡ್ಡಪ್ಪ” ಎಂದನು.

ಆ ಮಾತು ನಮಗೆ ತಗುಲಬೇಕಾದಲ್ಲಿಯೇ ತಗುಲಿತು. ಅಜ್ಜನವರ ಋಣವನ್ನು ಒಂದಕ್ಷರದಲ್ಲಿ ಮುಚ್ಚಿಟ್ಟವರು ನಾವು, ತೀರಿಸಬೇಕಾದವರೂ ನಾವೇ. ಜಮೀಲಾಳಿಗೆ ಸಂಬಂಧ ಕೇಳಿ ಬರುವವರು ಅವಳ ಅಡ್ಡಹೆಸರನ್ನಲ್ಲ, ಅವಳ ನಡತೆಯನ್ನು ವಿಚಾರಿಸುವಂತಹ ಸಮುದಾಯವನ್ನಾಗಿ ಅಲ್ಲಾಹನು ನಮ್ಮನ್ನು ಮಾರ್ಪಡಿಸಲಿ. ಆಮೀನ್.