ಜವಳು ಹೊಲದವರು ಗಜನಿಗೆ ಹೋದದ್ದು

ನಮ್ಮ ಕಾರಟಗಿ ಕಡೆಯವರಿಗೆ ಸಮುದ್ರವೆಂದರೆ ಗೋಕರ್ಣ. ಮಹಾಬಲೇಶ್ವರನಿಗೆ ಕೈಮುಗಿಯುವುದು, ಪ್ಯಾಂಟು ಮೊಣಕಾಲತನಕ ಮಡಚಿ ನೀರಿನಲ್ಲಿ ನಿಂತು ಫೋಟೋ ತೆಗೆಸಿಕೊಳ್ಳುವುದು, ಮುರುಡೇಶ್ವರದ ದೊಡ್ಡ ಶಿವನನ್ನು ನೋಡುವುದು, ಗೋಡಂಬಿ ಕೊಂಡು ರಾತ್ರಿಯೇ ಊರಿನ ಹಾದಿ ಹಿಡಿಯುವುದು. ನಡುವೆ ಕುಮಟಾ ತಾಲ್ಲೂಕಿನಲ್ಲಿ ಹೆದ್ದಾರಿ ಅಘನಾಶಿನಿ ಹೊಳೆಯನ್ನು ದಾಟುತ್ತದೆ. ಎಡಬಲಕ್ಕೆ ಕೆಸರು, ಕಟ್ಟೆ, ನೀರೊಳಗೇ ನಿಂತ ಹಸಿರು. ಅಷ್ಟೊತ್ತಿಗೆ ಗಾಡಿಯಲ್ಲಿ ಎಲ್ಲರೂ ನಿದ್ದೆಯಲ್ಲಿರುತ್ತಾರೆ. ಆ ಕೆಸರನ್ನೇ ನೋಡಬೇಕೆಂದು ಕ್ರೂಸರ್ ಬಾಡಿಗೆಗೆ ಹಿಡಿದು ಹೋದವರು ನಮ್ಮೂರಲ್ಲಿ ನಾವೇ ಮೊದಲಿಗರಿರಬೇಕು.

ಹೊರಡಿಸಿದ್ದು ನಮ್ಮ ಕಾಕಾ. ಕಾಲುವೆಯ ಕೆಳಗೆ ಅವರ ಹೊಲವಿದೆ. 1953ರಲ್ಲಿ ತುಂಗಭದ್ರೆಯ ನೀರು ಕಾಲುವೆಗೆ ಬಿದ್ದ ಮೇಲೆ ಜೋಳ, ಹತ್ತಿಯ ಎರೆಭೂಮಿ ಭತ್ತದ ನಾಡಾಯಿತು. ಯೋಜನೆ ಬರೆದವರು ಇಲ್ಲಿ ಹೆಚ್ಚಿನ ಭಾಗಕ್ಕೆ ಕಡಿಮೆ ನೀರಿನ ಬೆಳೆಗಳನ್ನೇ ಹೇಳಿದ್ದರು. ನೀರು ಕಂಡ ಮೇಲೆ ಬರೆದದ್ದನ್ನು ಓದುವವರು ಯಾರು? ಆಂಧ್ರದಿಂದ ಬಂದವರು ಕ್ಯಾಂಪು ಕಟ್ಟಿ ನಾಟಿ ಮಾಡಿ ತೋರಿಸಿದರು, ನಾವು ನೋಡಿ ಕಲಿತೆವು, ಅಕ್ಕಿ ಗಿರಣಿಗಳು ಎದ್ದವು, ಕಾರಟಗಿ ತಾಲ್ಲೂಕು ಕೇಂದ್ರವೂ ಆಯಿತು. ನಾನು ಇದನ್ನು ಬೈಯುವ ಸ್ಥಿತಿಯಲ್ಲಿಲ್ಲ. ನನ್ನ ಓದಿನ ಫೀಸು ಸೋನಾಮಸೂರಿಯಿಂದಲೇ ಬಂದದ್ದು. ಆದರೆ ವರ್ಷಕ್ಕೆರಡು ಬೆಳೆಗೆ ನೀರು ನಿಲ್ಲಿಸಿ ನಿಲ್ಲಿಸಿ, ನೆಲದಡಿಯ ನೀರು ಮೇಲೇರಿತು. ಜೊತೆಗೆ ಎರೆಮಣ್ಣಿನ ಆಳದಲ್ಲಿದ್ದ ಉಪ್ಪನ್ನೂ ಕರೆತಂದಿತು. ನೀರು ಆರಿದಲ್ಲಿ ಉಪ್ಪು ಬೆಳ್ಳಗೆ ಕೂತಿತು. ಉಪ್ಪಿನ ಸವಳು, ನೀರು ನಿಂತ ಜವಳು ಎರಡೂ ಒಂದೇ ಮನೆಯಲ್ಲಿ. ಕಾಕಾನ ಹೊಲದ ತಗ್ಗಿನ ಮಗ್ಗುಲು ಹಾಗೆ ಕೆಟ್ಟಿದೆ. ಬಸಿಗಾಲುವೆ ತೋಡಿದ್ದಾರೆ, ಜಿಪ್ಸಂ ಹಾಕಿದ್ದಾರೆ, ಸೆಣಬು ಬಿತ್ತಿ ಮಣ್ಣಿಗೆ ಹೂಳಿದ್ದಾರೆ. ಗಂಗಾವತಿಯ ಕೃಷಿ ಸಂಶೋಧನಾ ಕೇಂದ್ರ ಸವಳು ಭೂಮಿಯ ಮೇಲೆಯೇ ಕೆಲಸ ಮಾಡುತ್ತ ಬಂದಿದೆ; ಅಲ್ಲಿಯ ಗಂಗಾವತಿ ಸೋನಾ ತಳಿಯನ್ನೂ ಹಾಕಿ ನೋಡಿದ್ದಾರೆ. ಯಾವುದೋ ಕೃಷಿ ಮೇಳದಲ್ಲಿ ಯಾರೋ ಅವರ ಕಿವಿಗೆ ಹಾಕಿದರು: ಕುಮಟಾದ ಕಡೆ ಸಮುದ್ರದ ನೀರು ನುಗ್ಗುವ ಗದ್ದೆಯಲ್ಲೇ ಬೆಳೆಯುವ ಭತ್ತವಿದೆ, ಹೆಸರು ಕಗ್ಗ. ಕಾಕಾ ಆವತ್ತಿನಿಂದ ಕೂತಲ್ಲಿ ಕೂಡಲಿಲ್ಲ.

ನನಗೆ ಬೇರೆ ನೆಪವಿತ್ತು. 2024ರ ಜನವರಿ ಕೊನೆಯಲ್ಲಿ ಅಂತರರಾಷ್ಟ್ರೀಯ ರಾಮ್ಸಾರ್ ಪಟ್ಟಿಗೆ ಸೇರಿದ ಭಾರತದ ಐದು ಜೌಗು ತಾಣಗಳಲ್ಲಿ ಮೂರು ಕರ್ನಾಟಕದವು. ಒಂದು ಗದಗ ಜಿಲ್ಲೆಯ ಮಾಗಡಿ ಕೆರೆ, ಇನ್ನೊಂದು ನಮ್ಮ ತುಂಗಭದ್ರೆಯ ಆಚೆ ದಂಡೆಗೆ ಹಗರಿಬೊಮ್ಮನಹಳ್ಳಿಯ ಹತ್ತಿರದ ಅಂಕಸಮುದ್ರ, ಮೂರನೆಯದು ಅಘನಾಶಿನಿಯ ಅಳಿವೆ. ಅಂಕಸಮುದ್ರದ ಜಾಲಿ ಮರಗಳ ಮೇಲಿನ ಕೊಕ್ಕರೆಗಳನ್ನು ನೋಡಿಯಾಗಿತ್ತು. ಅದರ ಜೊತೆ ಪಟ್ಟಿಯಲ್ಲಿ ಕೂತ ಉಪ್ಪುನೀರಿನ ಕಾಡನ್ನೂ ನೋಡುವ ಆಸೆ.

ರಾತ್ರಿ ಹೊರಟೆವು. ಕೊಪ್ಪಳ, ಗದಗ, ಹುಬ್ಬಳ್ಳಿ, ಯಲ್ಲಾಪುರ. ಒಂದು ಕಾಲಕ್ಕೆ ಹೊಸಪೇಟೆಯ ಅದಿರು ತುಂಬಿದ ಲಾರಿಗಳು ಬೇಲೆಕೇರಿ ಬಂದರಿಗೆ ಇದೇ ದಾರಿಯಲ್ಲಿ ಸಾಲುಗಟ್ಟುತ್ತಿದ್ದವು. ನಮ್ಮ ಡ್ರೈವರ್ ಆಗ ಅಂಥದೊಂದು ಲಾರಿಯ ಕ್ಲೀನರ್. ಅರಬೈಲ್ ಘಟ್ಟದ ಒಂದೊಂದು ತಿರುವಿಗೂ ಒಂದೊಂದು ಪಲ್ಟಿಯ ಕಥೆ ಹೇಳಿ ನಮ್ಮ ನಿದ್ದೆ ಕೆಡಿಸಿದ. ಬೆಳಗಾಗುವಾಗ ಅಂಕೋಲೆಯಲ್ಲಿದ್ದೆವು.

ಅಂಕೋಲೆ ತಾಲ್ಲೂಕು ಹಾಲಕ್ಕಿ ಒಕ್ಕಲಿಗರ ನಾಡು. ಬಡಗೇರಿಯ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ ಪದ್ಮಶ್ರೀ ಬಂತು. ನೂರಾರು ಹಾಡು ಬಾಯಲ್ಲಿಟ್ಟುಕೊಂಡಿದ್ದ ಅಜ್ಜಿ, ಊರಿನ ಹೆಂಗಸರನ್ನು ಕಟ್ಟಿಕೊಂಡು ಸಾರಾಯಿಯ ವಿರುದ್ಧ ನಿಂತವರು. ಹೊನ್ನಳ್ಳಿಯ ತುಳಸಿ ಗೌಡರು ಅರಣ್ಯ ಇಲಾಖೆಯ ಸಸಿಮಡಿಯಲ್ಲಿ ಕೂಲಿಯಾಗಿ ಸೇರಿ, ಯಾವ ಮರದ ಬೀಜ ಯಾವಾಗ ಆರಿಸಬೇಕೆಂದು ಅಧಿಕಾರಿಗಳಿಗೇ ಹೇಳಿಕೊಟ್ಟವರು. 2021ರಲ್ಲಿ ಅದೇ ಪ್ರಶಸ್ತಿ ಪಡೆಯಲು ರಾಷ್ಟ್ರಪತಿ ಭವನದ ಕೆಂಪು ಹಾಸಿನ ಮೇಲೆ ಬರಿಗಾಲಲ್ಲಿ ನಡೆದರು. 2024ರ ಡಿಸೆಂಬರಿನಲ್ಲಿ ತುಳಸಜ್ಜಿ, 2025ರ ಫೆಬ್ರುವರಿಯಲ್ಲಿ ಸುಕ್ರಜ್ಜಿ ಹೋದರು. ಅಜ್ಜಿಯರ ಊರಿನ ತನಕ ಹೋಗೋಣವೇ ಎಂದು ನಾನು ಕೇಳಿದೆ. ಕಾಕಾ, 'ಸತ್ತವರ ಮನಿ ಮುಂದ ಫೋಟೋ ಹಿಡಿಯಾಕ ಹೋಗೋದೇನು' ಎಂದರು. ಅಲ್ಲಿಗೆ ಆ ಮಾತು ಮುಗಿಯಿತು.

ಕಾಕಾ ಹೇಳಿದ್ದು ಸರಿ ಎನಿಸಲು ಇನ್ನೊಂದು ಕಾರಣವೂ ಉಂಟು. ಹಾಲಕ್ಕಿಗಳನ್ನು ತೋರಿಸುವ ಪ್ರವಾಸದ ಜಾಹೀರಾತುಗಳನ್ನು ನಾನು ಓದಿದ್ದೇನೆ: ಕೊರಳು ತುಂಬ ಕರಿಮಣಿ, ರವಿಕೆಯಿಲ್ಲದೆ ಭುಜಕ್ಕೆ ಕಟ್ಟಿದ ಸೀರೆ, ತಲೆಯ ಮೇಲೆ ತುರಾಯಿ ಕಟ್ಟಿ ಕುಣಿಯುವ ಸುಗ್ಗಿ ಕುಣಿತ, ಗುಮಟೆಯ ಪಾಂಗು, ಕೊನೆಗೆ ಊಟ. ಹೋಳಿಯ ದಿನಗಳಲ್ಲಿ ಊರೂರಿಗೆ ಕುಣಿದುಕೊಂಡು ಹೋಗುವ ಸುಗ್ಗಿಯನ್ನು ಅಕ್ಟೋಬರಿನಲ್ಲಿ ದುಡ್ಡು ಕೊಟ್ಟು ಕುಣಿಸಿದರೆ ಅದು ಯಾವ ಸುಗ್ಗಿ? ತಮಾಷೆಯೆಂದರೆ, ಇಷ್ಟೆಲ್ಲ ಬುಡಕಟ್ಟಿನ ಸೊಗಸು ಎಂದು ಕೊಂಡಾಡುವ ಈ ಜನ ಸರ್ಕಾರದ ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿಲ್ಲ. ಸೇರಿಸಿ ಎಂಬ ಬೇಡಿಕೆಗೆ ಎಷ್ಟೋ ವರ್ಷಗಳಾದವು.

ಅಲ್ಲಿಂದ ಕುಮಟಾ ತಾಲ್ಲೂಕಿನ ಮಾಣಿಕಟ್ಟೆಗೆ ಬಂದಾಗ ಕಗ್ಗದ ಕೊಯ್ಲು ನಡೆದಿತ್ತು. ಕಗ್ಗವನ್ನು ನಾನು ಗಿಡ್ಡ ಬೆಳೆ ಅಂದುಕೊಂಡಿದ್ದೆ. ಅದು ಎದೆಮಟ್ಟ ಬೆಳೆದು ಒಂದರ ಮೇಲೊಂದು ಒರಗಿ ನಿಂತಿತ್ತು. ಗಜನಿ ಎಂದರೆ ಅಳಿವೆಯ ಮಗ್ಗುಲಲ್ಲಿ ಕಟ್ಟೆ ಹಾಕಿ ಪಡೆದ ತಗ್ಗು ಗದ್ದೆ. ಮಳೆಗಾಲದಲ್ಲಿ ಹೊಳೆ ತುಂಬಿ ಉಪ್ಪನ್ನು ಕಡಲಿಗೆ ತಳ್ಳುತ್ತದೆ, ಗದ್ದೆಯ ಉಪ್ಪೂ ಮಳೆಗೆ ತೊಳೆದು ಹೋಗುತ್ತದೆ. ಆ ಸಂದಿನಲ್ಲಿ ಮೊಳಕೆ ಬರಿಸಿದ ಬೀಜ ಎರಚುತ್ತಾರೆ. ಗೊಬ್ಬರವಿಲ್ಲ, ಔಷಧಿಯಿಲ್ಲ, ಭರತಿಯ ನೀರು ನಡುನಡುವೆ ನುಗ್ಗಿದರೂ, ಪೈರು ಕೆಲ ದಿನ ಮುಳುಗಿದರೂ ಸಾಯುವುದಿಲ್ಲ. ಕೊಯ್ಲಾದ ಮೇಲೆ ತೂಬಿನ ಹಲಗೆ ತೆಗೆದು ಉಪ್ಪುನೀರನ್ನು ತಾವೇ ಒಳಗೆ ಬಿಟ್ಟುಕೊಳ್ಳುತ್ತಾರೆ. ನೀರಿನ ಜೊತೆ ಸಿಗಡಿ, ಮೀನು ಬರುತ್ತವೆ, ಕೊಳೆತ ಕೂಳೆ ತಿಂದು ಬೆಳೆಯುತ್ತವೆ. ಅವುಗಳ ಹೊಲಸು ಮುಂದಿನ ಭತ್ತಕ್ಕೆ. ಕಾಕಾ ಈ ಮಾತನ್ನು ಮತ್ತೆ ಹೇಳಿಸಿಕೊಂಡರು. ಉಪ್ಪು ಬಂದರೆ ಹಣೆ ಬಡಿದುಕೊಳ್ಳುವ ಊರಿನವರಿಗೆ ಹಲಗೆ ತೆಗೆದು ಅದನ್ನು ಒಳಗೆ ಕರೆಯುವುದು ಸುಲಭಕ್ಕೆ ಅರ್ಥವಾಗುವಂಥದಲ್ಲ.

ಬದುವಿನ ಮೇಲೆ ಕುಳಿತಿದ್ದ ಒಬ್ಬ ಹಾಲಕ್ಕಿ ಅಜ್ಜಿ ಕಾಕಾನ ರುಮಾಲನ್ನೇ ನೋಡುತ್ತಿದ್ದರು. ನಾವು ಅವರ ಕರಿಮಣಿ ನೋಡಬಾರದೆಂದು ಕಣ್ಣು ಬೇರೆ ಕಡೆ ಇಟ್ಟಿದ್ದರೆ, ಅವರಿಗೆ ಅಂಥ ಸಂಕೋಚವೇನೂ ಇರಲಿಲ್ಲ.

'ನಿಮ್ ಬದಿಗೆ ಎಂತ ಬೆಳೂದ್ರಾ?'

'ಭತ್ತನ ಯವ್ವಾ. ಇಲ್ಲಿ ಎಕರೆಕ್ಕ ಎಷ್ಟ ಚೀಲ ಬರತೈತಿ?'

ಅವರು ಹೇಳಿದ್ದು ನಮ್ಮ ಅರ್ಧವೂ ಆಗಲಿಲ್ಲ. ಕಾಕಾ ನಮ್ಮ ಲೆಕ್ಕ ಹೇಳಿದರು, ಮೂವತ್ತೈದು, ನಲವತ್ತು ಚೀಲ. ಅಜ್ಜಿ ಬಾಯ ಮೇಲೆ ಕೈ ಇಟ್ಟುಕೊಂಡರು. ಆಮೇಲೆ ಗೊಬ್ಬರಕ್ಕೆಷ್ಟು, ಔಷಧಿಗೆಷ್ಟು, ಕೂಲಿಗೆಷ್ಟು, ಮಷೀನಿಗೆಷ್ಟು ಎಂದು ಒಂದೊಂದನ್ನೇ ಕೇಳಿದರು. ಕಾಕಾನ ದನಿ ಇಳಿಯುತ್ತ ಹೋಯಿತು. 'ಅಷ್ಟ್ ಕೊಟ್ ಮೇಲೆ ನಿಮ್ಗೆ ಉಳೂದೆಂತ?' ಎಂದು ಅಜ್ಜಿ ಕೇಳಿದ್ದಕ್ಕೆ ಉತ್ತರವಾಗಿ ಕಾಕಾ ಬುತ್ತಿ ಬಿಚ್ಚಿದರು. ಸಜ್ಜೆ ರೊಟ್ಟಿ, ಪುಂಡಿಪಲ್ಯ, ಶೇಂಗಾ ಚಟ್ನಿ. ರೊಟ್ಟಿಯನ್ನು ಅಜ್ಜಿ ಮುರಿದು, ತಿರುಗಿಸಿ ನೋಡಿ, ಅರ್ಧ ತಿಂದು ಉಳಿದರ್ಧ ಸೆರಗಿಗೆ ಕಟ್ಟಿಕೊಂಡರು. ಪುಂಡಿಪಲ್ಯ ಅವರಿಗೆ ಸೇರಲಿಲ್ಲ.

ಆದರೆ ಗಜನಿಯ ಬಾಳೂ ಈಗ ಹಸನಾಗಿಲ್ಲ. ಸಿಗಡಿಗೆ ಬೆಲೆ ಬಂದಾಗ ಗದ್ದೆಗಳು ಗುತ್ತಿಗೆಗೆ ಹೋದವು, ವರ್ಷವಿಡೀ ಉಪ್ಪು ನಿಂತಿತು, ಭತ್ತ ಬಿಟ್ಟುಹೋಯಿತು. ಸಿಗಡಿಗೆ ರೋಗ ಬಂದು ಅದೂ ಕೆಟ್ಟಿತು. ಎಷ್ಟೋ ಗಜನಿ ಪಾಳು ಬಿದ್ದಿವೆ. ಕಟ್ಟೆ ಎಲ್ಲರದೂ ಆದ್ದರಿಂದ ಒಬ್ಬ ಕೈಬಿಟ್ಟರೆ ಇಡೀ ಬಯಲಿಗೆ ಉಪ್ಪು. ನಮ್ಮಲ್ಲಿ ತೂಬಿನ ಜಗಳಕ್ಕೆ ಪೊಲೀಸರು ಬರುತ್ತಾರೆ. ಇಲ್ಲಿಯೂ ಜಗಳವಿದೆ, ಆದರೆ ಒಂದು ಹಲಗೆಯನ್ನು ಯಾವಾಗ ತೆಗೆಯಬೇಕೆಂದು ಎಲ್ಲರೂ ಒಪ್ಪದೆ ಬೆಳೆಯೇ ಇಲ್ಲ.

ಮಧ್ಯಾಹ್ನ ದೋಣಿ ಹತ್ತಿದೆವು. ಅಘನಾಶಿನಿಗೆ ಅಣೆಕಟ್ಟಿಲ್ಲ. ಶಿರಸಿಯ ಶಂಕರ ಹೊಂಡದಿಂದ ಹೊರಟದ್ದು ತದಡಿಯ ಬಾಯಿಗೆ ಬರುವವರೆಗೂ ಯಾರೂ ಅದನ್ನು ಹಿಡಿದು ನಿಲ್ಲಿಸಿಲ್ಲ. ಗೇಟು ಎಣಿಸಿಯೇ ಬೇಸಾಯ ಮಾಡುವ ನಮಗೆ, 2024ರ ಆಗಸ್ಟಿನಲ್ಲಿ ತುಂಗಭದ್ರೆಯ 19ನೇ ಗೇಟು ಕೊಚ್ಚಿಹೋದಾಗ ಊಟ ಬಿಟ್ಟು ಕೂತಿದ್ದ ನಮಗೆ, ಗೇಟಿಲ್ಲದ ಹೊಳೆ ಸ್ವಲ್ಪ ಅಂಜಿಕೆಯನ್ನೇ ಹುಟ್ಟಿಸಿತು.

ದೋಣಿಯವನು ಉಪ್ಪುನೀರಿನ ಕಾಡಿನ ಕಾಂಡ್ಲಾ ಮರಗಳ ನಡುವೆ ದೋಣಿಯನ್ನು ನಿಧಾನಕ್ಕೆ ನುಗ್ಗಿಸಿದ. ಕೊಂಬೆಯಿಂದ ಇಳಿದ ಬೇರುಗಳು ಕೆಸರಿನಲ್ಲಿ ಕಾಲೂರಿದ್ದವು. ಮರದ ಮೇಲೆಯೇ ಬೀಜಗಳು ಮೊಳೆತು ನುಗ್ಗೆಕಾಯಂತೆ ಜೋತುಬಿದ್ದಿದ್ದವು. ಇಳಿತದಲ್ಲಿ ಬಿದ್ದದ್ದು ಕೆಸರಿಗೆ ನೆಟ್ಟಗೆ ಚುಚ್ಚಿ ಅಲ್ಲೇ ಬೇರು ಬಿಡುತ್ತದೆ, ಭರತಿಯಲ್ಲಿ ಬಿದ್ದದ್ದು ತೇಲುತ್ತ ಬೇರೆ ದಂಡೆ ಹುಡುಕುತ್ತದೆ. ಅತ್ತ ಉಪ್ಪಟಿ ಮರದ ಬುಡದಲ್ಲಿ ಕೆಸರಿನಿಂದ ಮೇಲೆದ್ದ ಉಸಿರುಬೇರುಗಳು. ಉಪ್ಪಟಿಯ ಎಲೆ ಕಿತ್ತು, 'ನೆಕ್ಕಿ ನೋಡಿ' ಎಂದ ದೋಣಿಯವನು. ಉಪ್ಪು! ಕಾಂಡ್ಲಾ ಬೇರಿನಲ್ಲೇ ಬಹುಪಾಲು ಉಪ್ಪನ್ನು ತಡೆಯುತ್ತದೆ. ಉಪ್ಪಟಿ ಒಳಗೆ ಬಿಟ್ಟುಕೊಂಡು ಎಲೆಯ ಮೇಲೆ ಹೊರಹಾಕುತ್ತದೆ. ಕಾಕಾ ಆ ಎಲೆಯನ್ನು ಬಿಸಾಡದೆ ಬಹಳ ಹೊತ್ತು ಹಿಡಿದುಕೊಂಡಿದ್ದರು.

ಕಾಂಡ್ಲಾ ಎಂದರೆ ಇಲ್ಲಿ ಎಲ್ಲರಿಗೂ ಪ್ರೀತಿಯೆಂದು ತಿಳಿಯಬಾರದು. ಕಟ್ಟೆಯ ಹೊರಗೆ ನಿಂತರೆ ಅಲೆಯ ಹೊಡೆತ ತಡೆಯುತ್ತದೆ, ಬೇರಿನ ಸಂದಿಯಲ್ಲಿ ಮೀನಿನ ಮರಿ ಬೆಳೆಯುತ್ತದೆ. ಅದಕ್ಕೇ ಅರಣ್ಯ ಇಲಾಖೆ ವರ್ಷಗಳಿಂದ ನೆಡುತ್ತಿದೆ. ಪಾಳು ಗಜನಿಯೊಳಗೆ ಬೆಳೆದರೆ ಮಾತ್ರ ಭತ್ತದ ಜಾಗ ಹೋಯಿತೆಂದೇ ಲೆಕ್ಕ. ದೂರದಿಂದ ಬಂದು ಹಸಿರು ಕಂಡು ಹಿಗ್ಗುವ ನನ್ನಂಥವರು ಕಟ್ಟೆಯ ಯಾವ ಮಗ್ಗುಲಿನ ಹಸಿರು ಎಂದು ಕೇಳಿಕೊಳ್ಳಬೇಕು.

ಇಳಿತವಾಗಿತ್ತು. ಹೆಂಗಸರು ಸೊಂಟಮಟ್ಟದ ನೀರಿನಲ್ಲಿ ಬಳಚು ಎಂಬ ಚಿಪ್ಪುಮೀನು ಹೆಕ್ಕುತ್ತಿದ್ದರು. ತದಡಿಗೆ ಭಾರಿ ಉಷ್ಣ ವಿದ್ಯುತ್ ಸ್ಥಾವರದ ಪ್ರಸ್ತಾವ ಬಂದಾಗ ಈ ಅಳಿವೆಯ ಜನ ಬೇಡವೆಂದು ನಿಂತದ್ದು ಇದಕ್ಕಾಗಿಯೂ ಇರಬೇಕು: ಬಂಡವಾಳವಿಲ್ಲದವರಿಗೂ ದಿನಕ್ಕೆರಡು ಸಲ ಬಾಗಿಲು ತೆರೆಯುವ ಸಂತೆ ಇದು.

ಬೀಜ ಕೇಳಿದ ಕಾಕಾನಿಗೆ ಮಾಣಿಕಟ್ಟೆಯ ರೈತರೊಬ್ಬರು ಹಿಡಿಯಷ್ಟು ಕೊಟ್ಟಿದ್ದರು. ಕೊಡುವಾಗಲೇ ಹೇಳಿದ್ದರು, ನಿಮ್ಮ ಉಪ್ಪು ಬೇರೆ, ನಮ್ಮ ಉಪ್ಪು ಬೇರೆ. ನಿಮ್ಮದನ್ನು ತೊಳೆಯಲು ಮಳೆಯೂ ಇಲ್ಲ, ಹೊತ್ತೊಯ್ಯಲು ಇಳಿತವೂ ಇಲ್ಲ. ಕಾಕಾನಿಗೂ ಅದು ಗೊತ್ತು. ಆದರೂ ತಗ್ಗಿನ ಮಗ್ಗುಲಲ್ಲಿ ಒಂದು ಮಡಿ ಹಾಕಿಯೇ ನೋಡುತ್ತೇನೆಂದು ಬೀಜವನ್ನು ರುಮಾಲಿನ ಅಂಚಿಗೆ ಕಟ್ಟಿಕೊಂಡರು.

ಹೊರಡುವ ಮುನ್ನ ಸಾಣಿಕಟ್ಟೆಗೆ ಹೋದೆವು. ಮಳೆ ಮುಗಿದು ಉಪ್ಪಿನ ಆಗರಗಳು ಇನ್ನೂ ಖಾಲಿ. ಬಿಸಿಲು ಬಲಿತ ಮೇಲೆಯೇ ಅಲ್ಲಿ ಕೆಲಸ. ಅಂಗಡಿಯಲ್ಲಿ ಹಿಂದಿನ ವರ್ಷದ ಹರಳುಪ್ಪು ಇತ್ತು. ಕಾಕಾ ಒಂದು ಚೀಲಕ್ಕೆ ದರ ಕೇಳಿದರು. ಡ್ರೈವರ್ ನಗು ತಡೆಯಲಾರದೆ, 'ಯಾಕ್ರಿ ಕಾಕಾ, ನಿಮ್ಮ ಹೊಲದಾಗ ಉಪ್ಪು ಕಡಿಮಿ ಬಿದ್ದೈತೇನು?' ಎಂದ.

'ನಮ್ಮ ಹೊಲದ್ದು ಉಣ್ಣಾಕ ಬರಂಗಿಲ್ಲಪಾ. ಬಂದಿದ್ರ ಗಿರಣಿ ಪಕ್ಕದಾಗ ಒಂದು ಉಪ್ಪಿನ ಅಂಗಡೀನೂ ಇಡ್ತಿದ್ದೆ' ಎಂದು ಕಾಕಾ ಮತ್ತೆ ಚೌಕಾಸಿಗೆ ಇಳಿದರು.