ಅಪ್ಪನ ಮೂರು ಮನವಿ (ಭಾಗ 4)

ಫ್ರೆಂಡ್ಸ್, ನಿಮ್ಮ ಮನೇಲಿ ಯಾರಾದ್ರೂ ಸರ್ಕಾರಿ ನೌಕರಿಯಲ್ಲಿದ್ರೆ "ಮನವಿ ಕೊಟ್ಟಿದೀನಿ, ನೋಡೋಣ" ಅನ್ನೋ ಮಾತು ಕೇಳೇ ಇರ್ತೀರ. ಇವತ್ತಿನದು ಆ "ನೋಡೋಣ" ಬಗ್ಗೆ. ಸ್ವಲ್ಪ ಉದ್ದ ಇದೆ, ಸೇವ್ ಮಾಡಿಟ್ಕೊಂಡು ಓದಿ.

ನಮ್ಮಪ್ಪ ಪ್ರಥಮ ದರ್ಜೆ ಸಹಾಯಕ. 2023ರ ಜೂನ್‌ನಲ್ಲಿ ಹಾಸನದಿಂದ ಕಾರವಾರಕ್ಕೆ ವರ್ಗಾವಣೆ ಆಯ್ತು. ಅಜ್ಜಿಗೆ ಲಕ್ವ ಹೊಡೆದು ಆಗಿನ್ನೂ ಎರಡು ತಿಂಗಳು. ಅಪ್ಪ ಅದೇ ತಿಂಗಳು ಮನವಿ ಕೊಟ್ಟು, ಕಾರವಾರಕ್ಕೆ ಹೋಗಿ ಡ್ಯೂಟಿಗೆ ಹಾಜರಾದ್ರು. ಆಮೇಲೆ ಎರಡನೇ ಮನವಿ, ಮೂರನೇದು. ಮೂರರ ಮೇಲೂ ಸ್ವೀಕೃತಿ ಸೀಲ್ ಇದೆ. ಉತ್ತರ ಒಂದಕ್ಕೂ ಇಲ್ಲ. ವಕೀಲರ ಹತ್ರ ಹೋಗಿದ್ದು 2025ರ ಫೆಬ್ರವರಿಯಲ್ಲಿ.

ಫೈಲ್ ತೆರೆದ ವಕೀಲರು ಮೊದಲು ನೋಡಿದ್ದು ಅಜ್ಜಿಯ ರಿಪೋರ್ಟ್ ಅಲ್ಲ, ತಾರೀಖು.

ರಾಜ್ಯ ಸರ್ಕಾರಿ ನೌಕರರು ಇಂಥ ವಿಷಯಕ್ಕೆ ಮೊದಲು ಹೋಗಬೇಕಾದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಕೆಎಟಿ ಅಂತಾರಲ್ಲ, ಅದೇ. ಬೆಂಗಳೂರಲ್ಲಿದೆ, ಬೆಳಗಾವಿ ಮತ್ತು ಕಲಬುರಗಿಯಲ್ಲೂ ಪೀಠ ಇವೆ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 21ನೇ ಸೆಕ್ಷನ್ ಪ್ರಕಾರ, ಅಂತಿಮ ಆದೇಶ ಬಂದು 1 ವರ್ಷದೊಳಗೆ ಅರ್ಜಿ ಹಾಕಬೇಕು. ನಿಯಮದಂತೆ ಮನವಿ ಕೊಟ್ಟು 6 ತಿಂಗಳು ಉತ್ತರವೇ ಬರದಿದ್ರೆ, ಆ 6 ತಿಂಗಳು ಮುಗಿದ ಮೇಲೆ 1 ವರ್ಷ. ಲೆಕ್ಕ ಹಾಕಿ. ಎಷ್ಟು ಉದಾರವಾಗಿ ಎಣಿಸಿದ್ರೂ ಅಪ್ಪನ ಗಡುವು 2024ರ ಡಿಸೆಂಬರ್‌ಗೆ ಮುಗಿದಿತ್ತು.

"ಮೂರನೇ ಮನವಿಯಿಂದ ಎಣಿಸಬಹುದಲ್ವಾ ಸರ್?" ಅಂತ ನಾನು ಕೇಳ್ದೆ. ಬಿಕಾಂ ತಲೆ! ಸಾಲಗಾರ ಗಡುವಿನೊಳಗೆ ಬರವಣಿಗೆಯಲ್ಲಿ ಸಾಲ ಒಪ್ಕೊಂಡ್ರೆ ಕಾಲಮಿತಿ ಹೊಸದಾಗಿ ಶುರು ಆಗುತ್ತೆ ಅಂತ ನಾವು ಓದ್ತೀವಲ್ಲ. ಸೇವಾ ವಿಷಯದಲ್ಲಿ ಹಾಗಿಲ್ಲ. ಮೇಲಿಂದ ಮೇಲೆ ಮನವಿ ಕೊಟ್ರೆ ಗಡುವು ಬೆಳೆಯಲ್ಲ ಅಂತ 1989ರಲ್ಲೇ ಎಸ್.ಎಸ್. ರಾಥೋಡ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. 2008ರ ಸಿ. ಜೇಕಬ್ ತೀರ್ಪು ಇನ್ನೂ ಖಡಕ್: ಹಳೇ ಮನವಿಗೆ ಇಲಾಖೆ ಈಗ ಉತ್ತರ ಕೊಟ್ರೂ ಸತ್ತ ಹಕ್ಕಿಗೆ ಜೀವ ಬರಲ್ಲ.

ಸಂಬಳ ತಪ್ಪಾಗಿ ನಿಗದಿಯಾಗಿದ್ರೆ ಕಥೆ ಬೇರೆ. ಪ್ರತಿ ತಿಂಗಳೂ ಅನ್ಯಾಯ ಮುಂದುವರಿಯುತ್ತೆ ಅಂತ ತಡವಾದ್ರೂ ಕೋರ್ಟ್ ಕೇಳುತ್ತೆ, ಹಿಂಬಾಕಿ ಮಾತ್ರ ಕಡಿಮೆ ಸಿಗುತ್ತೆ. ವರ್ಗಾವಣೆ ಒಂದೇ ದಿನದ ಆದೇಶ.

ತಡಕ್ಕೆ ಸರಿಯಾದ ಕಾರಣ ತೋರಿಸಿದ್ರೆ ನ್ಯಾಯಮಂಡಳಿ ಮನ್ನಿಸಬಹುದು, ಅಜ್ಜಿಯ ದಾಖಲೆ ಇಟ್ಟು ಕೇಳಬಹುದು ಅಂದ್ರು ವಕೀಲರು. "ಆದ್ರೆ ನಿಮ್ಮ ಕುರ್ಚೀಲಿ ಈಗ ಯಾರಿದಾರೆ?" ಅಪ್ಪ ಸುಮ್ಮನಾದ್ರು. ಅಲ್ಲಿಗೆ ಬಂದವರು ಮನೆ ಮಾಡಿ, ಮಗಳನ್ನ ಹಾಸನದ ಸ್ಕೂಲಿಗೆ ಸೇರಿಸಿದಾರೆ. ಕೇಸ್ ಹಾಕಿದ್ರೆ ಅವರನ್ನೂ ಪಾರ್ಟಿ ಮಾಡಬೇಕು. ಆ ಹುಡುಗಿ ವಿಷಯ ಕೇಳಿದ ಮೇಲೆ ಈ ಗಡುವು ಯಾಕಿದೆ ಅಂತ ನಂಗೆ ಅರ್ಥ ಆಯ್ತು. ಕೋಪ ಪೂರ್ತಿ ಹೋಗಿಲ್ಲ ಅನ್ನಿ. ಮೂರು ಮನವಿ ಇಟ್ಕೊಂಡು ಸುಮ್ಮನೆ ಕೂತ ಆಫೀಸಿಗೆ ಯಾವ ನಷ್ಟವೂ ಇಲ್ಲ, ಕಾದ ಅಪ್ಪನಿಗೆ ಮಾತ್ರ.

ಅಪ್ಪ ಸೋಮಾರಿಯಾಗಿ ಕಾದವರಲ್ಲ. "ಸಾಹೇಬ್ರು ನೋಡ್ತೀನಿ ಅಂದಿದಾರೆ", "ಇಲಾಖೆ ಮೇಲೇ ಕೇಸ್ ಹಾಕ್ದ ಅಂತ ಹೆಸರು ಬಂದ್ರೆ?" ಇದೇ ಭಯ. ನಿಮ್ಮನೇಲೂ ಇದನ್ನ ಕೇಳಿರ್ತೀರ.

ಹಾಗಾಗಿ ಮನೇಲಿ ಯಾರಿಗಾದ್ರೂ ಆರ್ಡರ್ ಬಂದು, ಅದು ಅನ್ಯಾಯ ಅನಿಸಿದ್ರೆ, ಮನವಿ ಕೊಡಿ, ಆದ್ರೆ ಅದೇ ವಾರ ವಕೀಲರಿಗೂ ತೋರಿಸಿ. ಕಾನೂನು 1 ವರ್ಷ ಕೊಟ್ಟಿದ್ರೂ, ರಿಲೀವ್ ಆಗಿ ಇನ್ನೊಬ್ಬರು ಬಂದು ಕೂತ ಮೇಲೆ ತಡೆಯಾಜ್ಞೆ ಸಿಗೋದು ಕಷ್ಟ. ಹಾಗಂತ ಡ್ಯೂಟಿಗೆ ಹೋಗದೆ ಕೂರಬೇಡಿ. ಮನವಿ ಕೊಟ್ಟಿದೀನಿ ಅಂತ ಹೊಸ ಜಾಗಕ್ಕೆ ಹೋಗದ ಗುಜರಾತ್ ವಿದ್ಯುತ್ ಮಂಡಳಿಯ ನೌಕರರೊಬ್ಬರ ಕೆಲಸವೇ ಹೋಯ್ತು, 1989ರಲ್ಲಿ ಸುಪ್ರೀಂ ಕೋರ್ಟ್ ಮಂಡಳಿ ಪರವಾಗೇ ನಿಂತಿತು.

ಅಪ್ಪ ಕೇಸ್ ಹಾಕ್ಲಿಲ್ಲ. ಸಾರ್ವತ್ರಿಕ ವರ್ಗಾವಣೆಗೆ ಅರ್ಜಿ ಕೊಟ್ಟಿದಾರೆ. ಅಲ್ಲೀವರೆಗೂ ಎರಡನೇ ಶನಿವಾರ, ನಾಲ್ಕನೇ ಶನಿವಾರ ಮಾತ್ರ ಮನೆ. ಅಜ್ಜಿ ಕ್ಯಾಲೆಂಡರ್‌ನಲ್ಲಿ ಆ ಎರಡು ದಿನಕ್ಕೆ ನನ್ನ ಕೈಲಿ ರೌಂಡ್ ಹಾಕಿಸ್ತಾರೆ.